ಆಟದ ಮಧ್ಯೆ ಮೂಗು ತೂರಿಸುವ ಕಂಪ್ಯೂಟರ್

ಎಷ್ಟೋ ಗೇಮ್‌ಗಳಲ್ಲಿ ಓಡಬೇಕೆಂದರೆ ಶಿಫ್ಟ್ ಕೀ ಒತ್ತಬೇಕು. ಶತ್ರು ಬೆನ್ನು ಹತ್ತಿದಾಗ ಅದನ್ನು ಎಷ್ಟು ಸಲ ಒತ್ತಿದೆವೆಂದು ಯಾರೂ ಎಣಿಸುವುದಿಲ್ಲ. ವಿಂಡೋಸ್ ಎಣಿಸುತ್ತದೆ. ನಡುವೆ ಬೇರೆ ಕೀ ಮುಟ್ಟದೆ ಶಿಫ್ಟನ್ನು 5 ಸಲ ಒತ್ತಿದ್ದೇ ತಡ, ಸ್ಪೀಕರ್ ಟೊಂಯ್ ಎನ್ನುತ್ತದೆ, ‘ಸ್ಟಿಕಿ ಕೀಸ್ ಆನ್ ಮಾಡಬೇಕೆ?’ ಎಂಬ ಪ್ರಶ್ನೆ ಪರದೆಯ ಮೇಲೆ ಬಂದು ಕೂರುತ್ತದೆ. ಬೇಡ ಎಂದು ಹೇಳಿ ವಾಪಸು ಬರುವಷ್ಟರಲ್ಲಿ ಆಟ ಮುಗಿದಿರುತ್ತದೆ.

ಸ್ಟಿಕಿ ಕೀಸ್ ಒಳ್ಳೆಯ ಸೌಲಭ್ಯವೇ. ಎರಡು ಕೀಗಳನ್ನು ಒಟ್ಟಿಗೆ ಒತ್ತಿ ಹಿಡಿಯಲಾಗದವರು ಒಂದಾದ ಮೇಲೊಂದು ಒತ್ತಿ ಕೆಲಸ ಮಾಡಿಕೊಳ್ಳಲಿ ಎಂದು ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಟ್ರೇಸ್ ಕೇಂದ್ರದಲ್ಲಿ ನಡೆದ ಕೆಲಸದ ಫಲ ಅದು. ವಿಂಡೋಸ್ 95ರಿಂದಲೂ ಜೊತೆಗಿದೆ. ಅಂಥವರು ಸೆಟ್ಟಿಂಗ್ಸ್ ಹುಡುಕಿಕೊಂಡು ಅಲೆಯಬಾರದು, ಕೀಬೋರ್ಡಿನಿಂದಲೇ ಅದನ್ನು ಎಬ್ಬಿಸಲು ಆಗಬೇಕು ಎಂಬ ಕಾಳಜಿಯಿಂದ ಇಟ್ಟದ್ದು ಈ ‘ಐದು ಸಲ’. ಬಲಗಡೆಯ ಶಿಫ್ಟನ್ನು 8 ಸೆಕೆಂಡು ಒತ್ತಿ ಹಿಡಿದರೆ ಫಿಲ್ಟರ್ ಕೀಸ್ ಎಂಬ ಇನ್ನೊಂದು ಏಳುತ್ತದೆ. ಶಿಫ್ಟ್ ಒತ್ತುವುದೇ ಜೀವನೋಪಾಯವಾದ ಜನ ಬರುತ್ತಾರೆಂದು ಆಗ ಯಾರೂ ಅಂದುಕೊಂಡಿರಲಿಕ್ಕಿಲ್ಲ. ಈ ಶಾರ್ಟ್‌ಕಟ್‌ಗಳನ್ನು ಅಕ್ಸೆಸಿಬಿಲಿಟಿ ಸೆಟ್ಟಿಂಗ್ಸ್‌ನಲ್ಲಿ ಆರಿಸಿಬಿಡಬಹುದು. ಆಡುವವರು ಹೊಸ ಕಂಪ್ಯೂಟರ್ ತಂದರೆ ಮೊದಲು ಮಾಡುವ ಕೆಲಸಗಳಲ್ಲಿ ಇದೂ ಒಂದು.

ಇಂಥ ಪ್ರಶ್ನೆ ಎದ್ದಾಗ ಪರದೆ ಮುಚ್ಚಿಹೋಗುವುದಕ್ಕಿಂತ ದೊಡ್ಡ ತೊಂದರೆ ಇನ್ನೊಂದಿದೆ. ಒಂದು ಹೊತ್ತಿನಲ್ಲಿ ಕೀಬೋರ್ಡಿನ ಮಾತು ಒಂದೇ ವಿಂಡೋಗೆ ಕೇಳಿಸುತ್ತದೆ. ಆ ಹಕ್ಕಿಗೆ ಫೋಕಸ್ ಎನ್ನುತ್ತಾರೆ. ಗೇಮ್‌ಗಳಲ್ಲಿ ಜಿಗಿಯಲು ಬಳಸುವುದು ಸಾಮಾನ್ಯವಾಗಿ ಸ್ಪೇಸ್ ಬಾರ್. ವಿಂಡೋಸಿನ ಡಯಲಾಗ್ ಬಾಕ್ಸ್‌ಗಳಲ್ಲಿ ಅದೇ ಸ್ಪೇಸ್ ಬಾರ್, ಆ ಕ್ಷಣ ಆಯ್ಕೆಯಾಗಿರುವ ಬಟನ್ನನ್ನು ಒತ್ತಿದಂತೆ. ಹಾಗಾಗಿ ಫೋಕಸ್ ಕಸಿದುಕೊಂಡು ಒಂದು ಪ್ರಶ್ನೆ ಎದುರಿಗೆ ಬಂದ ಗಳಿಗೆಯಲ್ಲೇ ನೀವು ಗೋಡೆ ಹಾರಲು ಹೊರಟಿದ್ದರೆ, ಪ್ರಶ್ನೆ ಏನೆಂದು ಓದುವ ಮೊದಲೇ ಒಪ್ಪಿಗೆ ಕೊಟ್ಟಾಗಿರುತ್ತದೆ. ಅದು ‘ಈಗ ರೀಸ್ಟಾರ್ಟ್ ಮಾಡಲೇ?’ ಎಂಬುದಾಗಿದ್ದರೆ ಮುಂದಿನದನ್ನು ಹೇಳಬೇಕಿಲ್ಲ.

1993ರಲ್ಲಿ ಡೂಮ್ ಬಂದಾಗ ಈ ಕಾಟ ಇರಲಿಲ್ಲ. ಅದು ಓಡುತ್ತಿದ್ದದ್ದು ಡಾಸ್‌ನಲ್ಲಿ. ಅಲ್ಲಿ ಆಟ ಶುರುವಾಯಿತೆಂದರೆ ಪರದೆ, ಕೀಬೋರ್ಡ್, ಸೌಂಡ್ ಕಾರ್ಡ್ ಎಲ್ಲ ಅದರದೇ. ನಡುವೆ ಬಾಯಿ ಹಾಕಲು ಇನ್ನೊಬ್ಬರಿಲ್ಲ. ವಿಂಡೋಸ್ ಬಂದು ಹತ್ತಾರು ಪ್ರೋಗ್ರಾಂಗಳು ಒಂದೇ ಸೂರಿನಡಿ ಬಾಳತೊಡಗಿದಾಗ ಜಗಳ ಶುರುವಾಯಿತು. 1995ರ ಡೈರೆಕ್ಟ್‌ಎಕ್ಸ್ ಆಟಕ್ಕೆ ಪರದೆಯನ್ನು ಪೂರ್ತಿ ಬರೆದುಕೊಡುವ ದಾರಿ ಮಾಡಿತು: ಎಕ್ಸ್‌ಕ್ಲೂಸಿವ್ ಫುಲ್‌ಸ್ಕ್ರೀನ್. ವೇಗಕ್ಕೆ ಅದು ಒಳ್ಳೆಯದು. ಆದರೆ ಬೇರೊಂದು ವಿಂಡೋ ಫೋಕಸ್ ಎಳೆದುಕೊಂಡಿತೋ, ಪರದೆಯ ಒಡೆತನವೂ ಹೋಗಿ ಆಟ ಟಾಸ್ಕ್‌ಬಾರಿಗೆ ಇಳಿದು ಕೂರುತ್ತಿತ್ತು. ಇನ್‌ಸ್ಟಾಲರ್, ಮೆಸೆಂಜರ್, ಆಂಟಿವೈರಸ್, ಎಲ್ಲವೂ ‘ನನ್ನನ್ನು ನೋಡಿ’ ಎಂದು ಮುನ್ನುಗ್ಗುವ ಕಾಲ ಅದು. ವಿಂಡೋಸ್ 98 ಮತ್ತು 2000ದಲ್ಲಿ ಮೈಕ್ರೋಸಾಫ್ಟ್ ಬೇಲಿ ಹಾಕಿತು. ಬಳಕೆದಾರ ಬೇರೆಡೆ ಕೆಲಸದಲ್ಲಿದ್ದರೆ ಹಿಂದಿರುವ ಪ್ರೋಗ್ರಾಂ ತಾನಾಗಿ ಮುಂದೆ ಬರುವಂತಿಲ್ಲ, ಟಾಸ್ಕ್‌ಬಾರಿನಲ್ಲಿ ತನ್ನ ಬಟನ್ ಮಿನುಗಿಸಿ ಕಾಯಬೇಕು. ಬೇಲಿಯಲ್ಲಿ ಕಿಂಡಿಗಳಿದ್ದವು, ಇಂದಿಗೂ ಇವೆ. 2012ರ ವಿಂಡೋಸ್ 8ರಲ್ಲಿ ‘ಟೋಸ್ಟ್’ ಬಂತು: ಪರದೆಯ ಮೂಲೆಯಲ್ಲಿ ಜಾರಿ ಬಂದು ಕೆಲವು ಸೆಕೆಂಡಿಗೆ ತಾನೇ ಮರೆಯಾಗುವ ಪುಟ್ಟ ಚೌಕ. ಇದು ಕೀಬೋರ್ಡಿನ ಫೋಕಸ್ ಕಸಿಯುವುದಿಲ್ಲ. ಆಟ ಕೆಳಗಿಳಿಯುವುದಿಲ್ಲ, ಸ್ಪೇಸ್ ಬಾರಿನ ಅಪಾಯವೂ ಇಲ್ಲ.

ಆದರೂ ಸೋಲುತ್ತೀರಿ, ಏಕೆಂದರೆ ಟೋಸ್ಟ್ ಕಂಪ್ಯೂಟರಿನ ಫೋಕಸ್ ಬಿಟ್ಟು ನಿಮ್ಮದನ್ನು ಕಸಿಯುತ್ತದೆ. ಅಕ್ಷರ ಓದುವಷ್ಟು ಸ್ಪಷ್ಟವಾಗಿ ಕಾಣುವುದು ಕಣ್ಣಿನ ರೆಟಿನಾದ ನಟ್ಟನಡುವಿನ ಫೋವಿಯಾ ಎಂಬ ಚಿಕ್ಕ ಜಾಗಕ್ಕೆ ಮಾತ್ರ. ನಮ್ಮ ನೋಟದಲ್ಲಿ ಅದರ ಪಾಲು ಸುಮಾರು 2 ಡಿಗ್ರಿ, ಕೈ ಚಾಚಿ ಹಿಡಿದ ಹೆಬ್ಬೆರಳಿನ ಅಗಲದಷ್ಟು. ಸುತ್ತಲಿನ ಉಳಿದ ರೆಟಿನಾಕ್ಕೆ ವಿವರ ಸಾಲದು, ಆದರೆ ಚಲನೆಯ ಮಟ್ಟಿಗೆ ಅದು ಬಲು ಚುರುಕು. ಅಂಚಿನಲ್ಲಿ ಏನೋ ಅಲ್ಲಾಡಿತು, ಹೊಸದೇನೋ ಥಟ್ಟನೆ ಮೂಡಿತು ಎಂದರೆ ಮಿದುಳಿನ ಸುಪೀರಿಯರ್ ಕಾಲಿಕ್ಯುಲಸ್ ಎಂಬ ಭಾಗ ಕಣ್ಣನ್ನು ಅತ್ತ ತಿರುಗಿಸಲು ಅಣಿಯಾಗುತ್ತದೆ. ನಿಮ್ಮ ಅಪ್ಪಣೆಗಾಗಿ ಕಾಯುವುದಿಲ್ಲ. ಥಟ್ಟನೆ ಮೂಡುವ ವಸ್ತುವಿಗೆ ಗಮನವನ್ನು ಎಳೆಯುವ ವಿಶೇಷ ಬಲವಿದೆ ಎಂದು ಸ್ಟೀವನ್ ಯಾಂಟಿಸ್ ಮತ್ತು ಜಾನ್ ಜೊನೈಡ್ಸ್ 1984ರಲ್ಲೇ ಪ್ರಯೋಗ ಮಾಡಿ ತೋರಿಸಿದ್ದರು. ಮೂಲೆಯಿಂದ ಜಾರಿ ಬರುವ ಟೋಸ್ಟ್ ಈ ದೌರ್ಬಲ್ಯಕ್ಕೆ ಅಳತೆ ತೆಗೆದು ಹೊಲಿದಂತಿದೆ.

ಕಣ್ಣು ಹೋಗಿ ಬಂದರೆ ಎಷ್ಟು ನಷ್ಟ? ನೋಟ ಬದಲಿಸಲು ಕಣ್ಣಿಗೆ ಸುಮಾರು 200 ಮಿಲಿಸೆಕೆಂಡಿನ ತಯಾರಿ ಬೇಕು. ಜಿಗಿಯುವ ಹೊತ್ತಿನಲ್ಲಿ ಮಿದುಳು ನೋಟವನ್ನು ಹೆಚ್ಚುಕಡಿಮೆ ಅದುಮಿಟ್ಟಿರುತ್ತದೆ. ಮೂಲೆಗೆ ಹೋಗಿ ಗುರಿಗೆ ಮರಳುವುದಕ್ಕೇ ಅರ್ಧ ಸೆಕೆಂಡಿನ ಆಸುಪಾಸು ಹಿಡಿಯುತ್ತದೆ, ಅಲ್ಲಿ ಬರೆದಿರುವುದನ್ನು ಓದದಿದ್ದರೂ. 144 ಹರ್ಟ್ಸ್‌ನ ಗೇಮಿಂಗ್ ಮಾನಿಟರ್ ಅಷ್ಟರಲ್ಲಿ 72 ಚಿತ್ರಗಳನ್ನು ತೋರಿಸಿರುತ್ತದೆ. ಎದುರಾಳಿ ನಿಮ್ಮನ್ನು ಕಂಡು ಗುಂಡಿ ಒತ್ತಲು ಕಾಲು ಸೆಕೆಂಡು ಸಾಕು. ಒಂದೊಂದು ಮಿಲಿಸೆಕೆಂಡಿಗೂ ಲೆಕ್ಕ ಹಾಕಿ ದುಬಾರಿ ಮೌಸ್, ಮಾನಿಟರ್ ಕೊಂಡವರು ಕಣ್ಣಿನ ಈ ಅರ್ಧ ಸೆಕೆಂಡನ್ನು ಲೆಕ್ಕಕ್ಕೇ ಹಿಡಿಯುವುದಿಲ್ಲ.

ನಷ್ಟ ಅಲ್ಲಿಗೂ ನಿಲ್ಲದು. ಮಿಚಿಗನ್ ಸ್ಟೇಟ್ ವಿಶ್ವವಿದ್ಯಾಲಯದ ಎರಿಕ್ ಆಲ್ಟ್‌ಮನ್ ಮತ್ತು ಸಂಗಡಿಗರು 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಜನರಿಗೆ ಕ್ರಮ ತಪ್ಪದೆ ಮಾಡಬೇಕಾದ ಕೆಲಸವೊಂದನ್ನು ಕೊಟ್ಟು, ನಡುನಡುವೆ ಸರಾಸರಿ 2.8 ಸೆಕೆಂಡಿನ ಅಡ್ಡಿ ಒಡ್ಡಿದರು. ಒಂದೆರಡು ಅಕ್ಷರ ಟೈಪ್ ಮಾಡಿ ಮರಳುವಷ್ಟೇ ಹೊತ್ತು. ಕ್ರಮ ತಪ್ಪುವುದು ಇಮ್ಮಡಿಯಾಯಿತು. ಅಡ್ಡಿ 4.4 ಸೆಕೆಂಡಿಗೆ ಏರಿದಾಗ ಮುಮ್ಮಡಿ. ಫ್ಲೋರಿಡಾ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ 2015ರಲ್ಲಿ ಕಂಡದ್ದು ಇನ್ನೂ ಸ್ವಾರಸ್ಯಕರ: ಏಕಾಗ್ರತೆ ಬೇಡುವ ಪರೀಕ್ಷೆಯ ನಡುವೆ ಫೋನಿಗೆ ಕರೆಯೋ ಮೆಸೇಜೋ ಬಂದರೆ, ಅದನ್ನು ಮುಟ್ಟದೆ ಕೂತವರ ತಪ್ಪುಗಳೂ ಹೆಚ್ಚಾದವು. ‘ನಾನು ನೋಡೋದಿಲ್ಲ ಬಿಡು’ ಎನ್ನುವ ಗಟ್ಟಿ ಮನಸ್ಸು ಇಲ್ಲಿ ಕೆಲಸಕ್ಕೆ ಬರುವುದಿಲ್ಲ. ಯಾರಿರಬಹುದು, ಏನಿರಬಹುದು ಎಂಬ ಕುತೂಹಲವೇ ಗಮನವನ್ನು ತಿನ್ನುತ್ತದೆ. ವೈಬ್ರೇಶನ್ ಹಾಕಿ ಫೋನನ್ನು ಕೀಬೋರ್ಡ್ ಪಕ್ಕ ಇಟ್ಟವರು ಇದನ್ನು ಗಮನಿಸಬೇಕು.

ಹಾಗಾದರೆ ಕಂಪ್ಯೂಟರನ್ನೇ ಸುಮ್ಮನಿರಿಸಬೇಕು. ಆದರೆ ನೀವು ಆಡುತ್ತಿದ್ದೀರಿ ಎಂದು ಅದಕ್ಕೆ ತಿಳಿಯುವುದು ಹೇಗೆ? ಬಹುಕಾಲ ಅದರ ಮುಖ್ಯ ಸುಳಿವು ಪರದೆ ತುಂಬಿದೆಯೇ ಎಂಬುದಾಗಿತ್ತು. ಬಳಕೆದಾರ ಈಗ ಬಿಡುವಾಗಿದ್ದಾನೆಯೇ ಎಂದು ಯಾವ ಪ್ರೋಗ್ರಾಂ ಬೇಕಾದರೂ ಸಿಸ್ಟಮ್ಮನ್ನು ಕೇಳುವ ವ್ಯವಸ್ಥೆ ವಿಂಡೋಸ್ ವಿಸ್ತಾದಿಂದಲೇ ಇದೆ. ‘ಪ್ರೆಸೆಂಟೇಶನ್ ಕೊಡುತ್ತಿದ್ದಾನೆ’, ‘ಪೂರ್ಣ ಪರದೆಯಲ್ಲಿ ಡೈರೆಕ್ಟ್‌3ಡಿ ಓಡುತ್ತಿದೆ’ ಎಂಬಂಥ ಉತ್ತರಗಳು ಸಿಗುತ್ತವೆ. ಇದರಲ್ಲಿರುವ ದೋಷ ಮರ್ಯಾದೆಯ ಪ್ರಶ್ನೆ: ಕೇಳುವ ಸೌಜನ್ಯ ಇದ್ದವರು ಮಾತ್ರ ಕೇಳುತ್ತಾರೆ.

ಅಷ್ಟರಲ್ಲಿ ಆಟಗಳೂ ಬದಲಾದವು. ಇಂದು ಬಹಳ ಮಂದಿ ಆಡುವುದು ಬಾರ್ಡರ್‌ಲೆಸ್ ಮೋಡ್‌ನಲ್ಲಿ. ಅಂಚಿಲ್ಲದ, ಪರದೆಯಷ್ಟೇ ದೊಡ್ಡದಾದ ಸಾಮಾನ್ಯ ವಿಂಡೋ ಅದು. ಆಲ್ಟ್-ಟ್ಯಾಬ್ ಒತ್ತಿ ಬ್ರೌಸರಿಗೆ ಹಾರಿ ಬರುವುದು ಸಲೀಸು. ವಿಂಡೋಸ್ 10 ಅಂತೂ ಎಷ್ಟೋ ಹಳೆಯ ಎಕ್ಸ್‌ಕ್ಲೂಸಿವ್ ಆಟಗಳನ್ನೂ ‘ಫುಲ್‌ಸ್ಕ್ರೀನ್ ಆಪ್ಟಿಮೈಸೇಶನ್’ ಎಂಬ ಹೆಸರಿನಲ್ಲಿ ಸದ್ದಿಲ್ಲದೆ ಇದೇ ಬಗೆಯಲ್ಲಿ ಓಡಿಸುತ್ತದೆ. ವೇಗ ಹೆಚ್ಚುಕಡಿಮೆ ಅಷ್ಟೇ ಇರುತ್ತದೆ, ಆದರೆ ಆಟದ ಮೇಲೆ ಇನ್ನೊಂದನ್ನು ತೋರಿಸುವುದು ಈಗ ಸುಲಭ. ಹಳೆಯ ಗೋಡೆ ಬಿದ್ದುಹೋಯಿತು ಎಂದೇ ಅನ್ನಬೇಕು.

ಅದಕ್ಕೆ ಬದಲಾಗಿ 2018ರಲ್ಲಿ ಫೋಕಸ್ ಅಸಿಸ್ಟ್ ಬಂತು. ವಿಂಡೋಸ್ 11ರಲ್ಲಿ ಅದು ‘ಡು ನಾಟ್ ಡಿಸ್ಟರ್ಬ್’. ಸೆಟ್ಟಿಂಗ್ಸ್, ಸಿಸ್ಟಮ್, ನೋಟಿಫಿಕೇಶನ್ಸ್ ಎಂದು ಹೋದರೆ ‘ಗೇಮ್ ಆಡುವಾಗ’, ‘ಪೂರ್ಣ ಪರದೆಯಲ್ಲಿ ಆ್ಯಪ್ ಬಳಸುವಾಗ’, ‘ಡಿಸ್‌ಪ್ಲೇ ಡೂಪ್ಲಿಕೇಟ್ ಮಾಡುವಾಗ’ ತಾನಾಗಿ ಆನ್ ಆಗುವಂತೆ ಗುರುತು ಹಾಕಿಡಬಹುದು. ಬಂದ ನೋಟಿಫಿಕೇಶನ್‌ಗಳು ಕಳೆದುಹೋಗುವುದಿಲ್ಲ, ನೋಟಿಫಿಕೇಶನ್ ಸೆಂಟರಿನಲ್ಲಿ ಗುಡ್ಡೆ ಬಿದ್ದಿರುತ್ತವೆ. ಜೊತೆಗಿರುವ ಗೇಮ್ ಮೋಡ್ ಆಟದ ವೇಳೆ ಡ್ರೈವರ್ ಅಪ್‌ಡೇಟ್, ರೀಸ್ಟಾರ್ಟ್ ಸೂಚನೆಗಳನ್ನು ತಡೆದು ನಿಲ್ಲಿಸುತ್ತದೆ. ಆಟವನ್ನು ಸಿಸ್ಟಮ್ ಗುರುತಿಸದೆ ಹೋದ ದಿನ ಕೈಯಿಂದಲೇ ಆನ್ ಮಾಡಿಕೊಳ್ಳಬೇಕು. ನನ್ನ ಮಟ್ಟಿಗೆ ಕೈಯಿಂದ ಮಾಡುವುದೇ ಹೆಚ್ಚು ನಂಬಿಕೆಯ ದಾರಿ.

ಇಷ್ಟೆಲ್ಲ ಮಾಡಿದ ಮೇಲೂ ಮೂಲೆಯಲ್ಲಿ ‘ನಿಮ್ಮ ಗೆಳೆಯ ಆನ್‌ಲೈನ್ ಬಂದಿದ್ದಾನೆ’ ಎಂದು ತೇಲಿ ಬಂದರೆ ವಿಂಡೋಸನ್ನು ಬೈಯಬೇಡಿ. ಸ್ಟೀಮ್, ಡಿಸ್ಕಾರ್ಡ್ ಇವು ಸಿಸ್ಟಮ್ಮಿನ ಟೋಸ್ಟನ್ನು ನೆಚ್ಚಿಕೊಂಡಿಲ್ಲ, ಓವರ್‌ಲೇ ಮೂಲಕ ಆಟದ ಚಿತ್ರದ ಮೇಲೆ ತಾವೇ ಬರೆಯುತ್ತವೆ. ಅವುಗಳ ಬಾಯಿ ಮುಚ್ಚಿಸಲು ಅವುಗಳದೇ ಸೆಟ್ಟಿಂಗ್ಸ್‌ಗೆ ಹೋಗಬೇಕು. ಮತ್ತೊಂದು ವಿಚಿತ್ರ ಧ್ವನಿಯದು. ಕಂಪ್ಯೂಟರಿನಲ್ಲಿ ಯಾವುದೋ ಕರೆ ಶುರುವಾದೊಡನೆ ಆಟದ ಸದ್ದು ಪಾತಾಳಕ್ಕೆ ಇಳಿದಿದ್ದನ್ನು ಕಂಡಿರಬಹುದು. ಹೆಡ್‌ಫೋನ್ ಕೆಟ್ಟಿತೆಂದು ತಂತಿ ಅಲ್ಲಾಡಿಸುವವರಿದ್ದಾರೆ. ಹಳೆಯ ಸೌಂಡ್ ಕಂಟ್ರೋಲ್ ಪ್ಯಾನಲ್‌ನಲ್ಲಿ ‘ಕಮ್ಯುನಿಕೇಶನ್ಸ್’ ಎಂಬ ಟ್ಯಾಬ್ ಇದೆ. ಕರೆ ಬಂದಾಗ ಉಳಿದ ಸದ್ದುಗಳನ್ನು 80% ತಗ್ಗಿಸು ಎಂದು ಅಲ್ಲಿ ಮೊದಲೇ ಬರೆದಿಟ್ಟಿರುತ್ತದೆ. ಹೆಜ್ಜೆ ಸಪ್ಪಳ ಕೇಳಿ ಎದುರಾಳಿಯ ದಿಕ್ಕು ಹಿಡಿಯುವ ಆಟಗಳಲ್ಲಿ ಇದು ಕಿವಿಗೆ ಹತ್ತಿ ಇಟ್ಟಂತೆ. ‘ಏನೂ ಮಾಡಬೇಡ’ ಎಂಬುದಕ್ಕೆ ಬದಲಿಸಿದರೆ ಮುಗಿಯಿತು.

ಆಟವನ್ನು ಯೂಟ್ಯೂಬಿನಲ್ಲಿ ನೇರ ತೋರಿಸುವವರಿಗೆ ಮಾನದ ಚಿಂತೆಯೂ ಸೇರುತ್ತದೆ. ಬ್ಯಾಂಕಿನ ಮೆಸೇಜು, ಮನೆಯವರ ವಾಟ್ಸ್ಆ್ಯಪ್ ಊರಿಗೆಲ್ಲ ಕಾಣಿಸಬಾರದಲ್ಲ. ನೇರ ಪ್ರಸಾರಕ್ಕೆ ಬಳಸುವ ಒಬಿಎಸ್ ಎಂಬ ಪ್ರೋಗ್ರಾಂನಲ್ಲಿ ‘ಡಿಸ್‌ಪ್ಲೇ ಕ್ಯಾಪ್ಚರ್’ ಪರದೆಯ ಮೇಲಿರುವುದನ್ನೆಲ್ಲ ಬಾಚಿಕೊಳ್ಳುತ್ತದೆ. ‘ಗೇಮ್ ಕ್ಯಾಪ್ಚರ್’ ಆಟ ಬಿಡಿಸಿದ ಚಿತ್ರವನ್ನಷ್ಟೇ ಎತ್ತಿಕೊಳ್ಳುವುದರಿಂದ ವಿಂಡೋಸಿನ ಟೋಸ್ಟ್ ನೋಡುಗರಿಗೆ ಕಾಣಿಸದು.

ನಮ್ಮಲ್ಲಿ ಹೆಚ್ಚಿನವರು ಆಡುವುದು ಫೋನಿನಲ್ಲಿ. ಅಲ್ಲಿನ ಕಾಟ ನೇರ ಬೆರಳಿನ ಕೆಳಗೇ ಬರುತ್ತದೆ. 2014ರ ಆಂಡ್ರಾಯ್ಡ್ 5ರಿಂದ ಮೇಲಂಚಿನಲ್ಲಿ ಇಳಿದುಬರುವ ಪಟ್ಟಿ ಬಿಜಿಎಂಐನಂಥ ಆಟದ ಬಟನ್‌ಗಳನ್ನು ಮುಚ್ಚುತ್ತದೆ, ಗುಂಡು ಹಾರಿಸಲು ಹೋದ ಬೆರಳು ಮೆಸೇಜ್ ತೆರೆಯುತ್ತದೆ. ಐಫೋನಿನಲ್ಲಿ 2020ರವರೆಗೆ ಒಂದು ಕರೆ ಬಂದರೆ ಇಡೀ ಪರದೆಯೇ ಹೋಗುತ್ತಿತ್ತು. ಐಒಎಸ್ 14ರಲ್ಲಿ ಅದು ಪಟ್ಟಿಯಾಗಿ ಕುಗ್ಗಿತು. ಈಗ ಫೋನ್ ಕಂಪನಿಗಳು ತಮ್ಮ ತಮ್ಮ ಗೇಮ್ ಮೋಡ್ ಕೊಡುತ್ತಿವೆ.

ಪೂರ್ತಿ ಬಾಗಿಲು ಹಾಕಿಕೊಳ್ಳಲು ಹಲವರಿಗೆ ಅಳುಕು. ಮನೆಯಿಂದ ತುರ್ತು ಕರೆ ಬಂದರೆ? ಡು ನಾಟ್ ಡಿಸ್ಟರ್ಬ್‌ನಲ್ಲಿ ಇದಕ್ಕೆ ಉಪಾಯವಿದೆ. ‘ಮರುಕರೆ’ಗೆ ಅನುಮತಿ ಕೊಟ್ಟಿದ್ದರೆ, ಒಬ್ಬರೇ ಐಫೋನಿಗೆ 3 ನಿಮಿಷದೊಳಗೆ, ಆಂಡ್ರಾಯ್ಡಿಗೆ 15 ನಿಮಿಷದೊಳಗೆ ಎರಡನೇ ಸಲ ಕರೆ ಮಾಡಿದಾಗ ಫೋನ್ ರಿಂಗಾಗುತ್ತದೆ. ಅಪ್ಪ ಅಮ್ಮನಿಗೆ ಒಂದು ಮಾತು ಹೇಳಿಟ್ಟರಾಯಿತು: ಅವಸರವಿದ್ದರೆ ಬೆನ್ನುಬೆನ್ನಿಗೆ ಎರಡು ಸಲ ಮಾಡಿ.

ಸಂಶೋಧಕರು ಇದಕ್ಕಿಂತ ಜಾಣ ದಾರಿಯೊಂದನ್ನು ಬಹಳ ಹಿಂದೆಯೇ ಸೂಚಿಸಿದ್ದಾರೆ. ಅಡ್ಡಿಯನ್ನು ನಿಲ್ಲಿಸುವ ಬದಲು ಒಂದು ಕೆಲಸ ಮುಗಿದು ಇನ್ನೊಂದು ಶುರುವಾಗುವ ಸಂದಿನವರೆಗೆ ತಡೆದಿಟ್ಟರೆ ಕಿರಿಕಿರಿಯೂ ತಪ್ಪುಗಳೂ ತಗ್ಗುತ್ತವೆ ಎಂದು ಬ್ರಯನ್ ಬೇಲಿ, ಶಂಸಿ ಇಕ್ಬಾಲ್ ಮುಂತಾದವರ ಪ್ರಯೋಗಗಳಲ್ಲಿ ಕಂಡುಬಂದಿದೆ. ಕಚೇರಿ ಕೆಲಸದಲ್ಲಿ ಆ ಸಂದನ್ನು ಊಹಿಸಬೇಕು. ಆಟದಲ್ಲಿ ಊಹೆಯೇ ಬೇಡ, ಪ್ರೋಗ್ರಾಮಿಗೆ ಅದು ಗೊತ್ತೇ ಇರುತ್ತದೆ. ಕೌಂಟರ್-ಸ್ಟ್ರೈಕ್ ಪಂದ್ಯದ ಒಂದು ರೌಂಡಿನ ಅವಧಿ 1 ನಿಮಿಷ 55 ಸೆಕೆಂಡು. ಬಾಂಬ್ ಇಟ್ಟರೆ ಅಲ್ಲಿಂದ ಮುಂದೆ 40 ಸೆಕೆಂಡಿನ ಗಡಿಯಾರ. ಅಂದರೆ ಎಂಥ ನೋಟಿಫಿಕೇಶನ್ನೂ ಮೂರು ನಿಮಿಷದೊಳಗೆ ರೌಂಡಿನ ಕೊನೆ ತಲುಪುತ್ತದೆ. ಅದಕ್ಕೂ ಮೊದಲೇ ಸತ್ತವನಂತೂ ಉಳಿದವರ ಆಟ ನೋಡುತ್ತ ಕೈಕಟ್ಟಿ ಕೂತಿರುತ್ತಾನೆ. ಅವನಿಗೆ ಸೊಪ್ಪಿನ ಆರ್ಡರ್ ಬಂದ ಸುದ್ದಿಯನ್ನೂ ತೋರಿಸಬಹುದು.