ಪಾಠಕ್ಕೆ ಬಗ್ಗದ ಬೊಜ್ಜು

ಮಕ್ಕಳ ಬೊಜ್ಜನ್ನು ತಡೆಯುವ ಕಾರ್ಯಕ್ರಮಗಳು ಮೊದಲು ಹಿಡಿದದ್ದು ಶಾಲೆಯ ದಾರಿಯನ್ನೇ. ಅಲ್ಲಿ ಮಕ್ಕಳೆಲ್ಲ ಒಟ್ಟಿಗೆ ಸಿಗುತ್ತಾರೆ, ಎತ್ತರ-ತೂಕ ಅಳೆಯುವುದು ಸುಲಭ, ಪಾಠ ಹೇಳುವವರೂ ಇದ್ದಾರೆ. ಯಾವುದು ತಿನ್ನಬೇಕು, ಯಾವುದು ತಿನ್ನಬಾರದು ಎಂದು ಕಲಿಸಿದರೆ ಮಕ್ಕಳು ಹಾಗೆಯೇ ನಡೆದಾರು ಎಂಬುದು ಇದರ ಹಿಂದಿದ್ದ ನಂಬಿಕೆ. ಈ ನಂಬಿಕೆ ಅರ್ಧ ಮಾತ್ರ ನಿಜವಾಯಿತು.

ಅಮೆರಿಕದ ಮೂಲನಿವಾಸಿ ಸಮುದಾಯಗಳಲ್ಲಿ 1990ರ ದಶಕದಲ್ಲಿ ನಡೆದ 'ಪಾತ್‌ವೇಸ್' ಪ್ರಯೋಗ ಇದಕ್ಕೆ ಸಾಕ್ಷಿ. 41 ಶಾಲೆಗಳ 1,704 ಮಕ್ಕಳು ಅದರಲ್ಲಿದ್ದರು. ಸುಮಾರು ಅರ್ಧದಷ್ಟು ಶಾಲೆಗಳಲ್ಲಿ ಮೂರು ವರ್ಷ ಆಹಾರದ ಪಾಠ, ಹೆಚ್ಚಿನ ಆಟ-ವ್ಯಾಯಾಮ, ಎಣ್ಣೆ-ಕೊಬ್ಬು ಕಡಿಮೆಯಾದ ಊಟ, ಮನೆಯವರಿಗೂ ಒಂದಿಷ್ಟು ತಿಳಿವಳಿಕೆ ಎಲ್ಲವೂ ಆಯಿತು. ಶಾಲೆಯ ಊಟದಲ್ಲಿ ಕೊಬ್ಬು ಇಳಿಯಿತು, ಮಕ್ಕಳ ಅರಿವೂ ಹೆಚ್ಚಿತು. ಆದರೆ ಅವರ ಮೈಯ ಕೊಬ್ಬಿನಲ್ಲಿ, ಕಾರ್ಯಕ್ರಮವಿಲ್ಲದ ಶಾಲೆಗಳ ಮಕ್ಕಳಿಗೆ ಹೋಲಿಸಿದರೆ, ವ್ಯತ್ಯಾಸವೇ ಕಾಣಲಿಲ್ಲ. ಕಾರಣ ಊಹಿಸುವುದು ಕಷ್ಟವಲ್ಲ. ಮಗು ಶಾಲೆಯಲ್ಲಿರುವುದು ದಿನಕ್ಕೆ ಆರೇಳು ಗಂಟೆ, ಅದೂ ರಜೆಗಳನ್ನು ಬಿಟ್ಟು. ಉಳಿದ ಹೊತ್ತೆಲ್ಲ ಅದು ಮನೆಯ ಅಡುಗೆ, ಬೀದಿಯ ಅಂಗಡಿ, ಟಿವಿಯ ಜಾಹೀರಾತುಗಳ ನಡುವೆಯೇ ಬೆಳೆಯುತ್ತದೆ.

ಉತ್ತರ ಫ್ರಾನ್ಸಿನ ಫ್ಲರ್ಬೇ ಮತ್ತು ಲಾವಂತಿ ಎಂಬ ಎರಡು ಪುಟ್ಟ ಊರುಗಳ ಅನುಭವ ಇನ್ನೂ ಸ್ವಾರಸ್ಯಕರ. ಅಲ್ಲಿ 1992ರಲ್ಲಿ ಶಾಲೆಗಳಲ್ಲಿ ಆಹಾರದ ಪಾಠ ಆರಂಭವಾಯಿತು. ಮೊದಲ ಕೆಲವು ವರ್ಷ ಪಾಠ ನಡೆಯುತ್ತಲೇ ಇತ್ತು, ಮಕ್ಕಳ ತೂಕವೂ ಏರುತ್ತಲೇ ಇತ್ತು. ದಶಕದ ಕೊನೆಯ ಹೊತ್ತಿಗೆ ಪುರಸಭೆ, ವೈದ್ಯರು, ಕ್ರೀಡಾ ಸಂಘಗಳು, ಮನೆಮಂದಿ ಸೇರಿ ಊರೇ ಈ ಕೆಲಸಕ್ಕೆ ಕೈಹಚ್ಚಿತು. ಆಮೇಲೆ ಏರಿಕೆ ನಿಂತು ಇಳಿಮುಖವಾಯಿತು. 2004ರಲ್ಲಿ ಅಳೆದಾಗ ಈ ಊರುಗಳಲ್ಲಿ ತೂಕ ಮಿತಿಮೀರಿದ ಮಕ್ಕಳು ಶೇ 8.8, ಇಂಥ ಕಾರ್ಯಕ್ರಮವಿಲ್ಲದ ನೆರೆಯ ಎರಡು ಊರುಗಳಲ್ಲಿ ಶೇ 17.8. ಅದೇ ವರ್ಷ ಈ ಮಾದರಿ 'ಎಪೋಡ್' ಎಂಬ ಹೆಸರಿನಲ್ಲಿ ಫ್ರಾನ್ಸಿನ ಹತ್ತು ಊರುಗಳಿಗೆ, ಮುಂದೆ ಬೇರೆ ದೇಶಗಳಿಗೂ ಹಬ್ಬಿತು. ಅದರ ಖರ್ಚಿಗೆ ದೊಡ್ಡ ಆಹಾರ ಕಂಪನಿಗಳೂ ಹಣ ಕೊಟ್ಟವು ಎಂಬುದು ಟೀಕೆಗೆ ಗುರಿಯಾಯಿತು. ಸಿಹಿ ಮಾರುವವರ ದುಡ್ಡಿನಲ್ಲಿ ಸಿಹಿ ಬೇಡವೆಂದು ಹೇಳುವುದು ಎಷ್ಟು ದೂರ ಸಾಗೀತು ಎಂಬ ಆ ಪ್ರಶ್ನೆ ನ್ಯಾಯವಾದದ್ದೇ.

ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಸಾಮರ್‌ವಿಲ್ ನಗರದಲ್ಲಿ 2002ರಲ್ಲಿ ಆರಂಭವಾದ ಪ್ರಯೋಗ ಈ ಕೆಲಸವನ್ನು ಬಿಡಿಬಿಡಿಯಾಗಿ ತೋರಿಸುತ್ತದೆ. ಟಫ್ಟ್ಸ್ ವಿಶ್ವವಿದ್ಯಾಲಯದ ಕ್ರಿಸ್ಟಿನಾ ಇಕಾನಮೋಸ್ ಇದರ ಮುಂದಾಳು. ಒಂದರಿಂದ ಮೂರನೇ ತರಗತಿಯ ಮಕ್ಕಳೇ ಗುರಿ. ಒಂದು ಮಗುವಿನ ದಿನದ ಲೆಕ್ಕದಲ್ಲಿ, ತಿನ್ನುವುದೂ ಖರ್ಚಾಗುವುದೂ ಸೇರಿ, 125 ಕ್ಯಾಲರಿಯವರೆಗೆ ಬದಲಾದರೆ ಸಾಕು ಎಂದು ಯೋಜಕರು ಎಣಿಸಿದರು. ಒಂದು ದೊಡ್ಡ ಬಾಳೆಹಣ್ಣಿನಷ್ಟೇ ಅದು. ಆದರೆ ಅಷ್ಟಕ್ಕಾಗಿ ಊರಿನ ಹತ್ತಾರು ಕಡೆ ಕೈಯಾಡಿಸಬೇಕಾಯಿತು. ಶಾಲೆಯ ಅಡುಗೆಮನೆಯಲ್ಲಿ ಹಣ್ಣು, ತರಕಾರಿ, ಇಡಿಧಾನ್ಯ ಹೆಚ್ಚಿದವು. ಮಕ್ಕಳು ನಡೆದೇ ಶಾಲೆಗೆ ಬರಲೆಂದು ರಸ್ತೆಯ ಝೀಬ್ರಾ ಪಟ್ಟೆಗಳಿಗೆ ಹೊಸ ಬಣ್ಣ ಬಂತು. ಹೋಟೆಲುಗಳು ಸಣ್ಣ ಅಳತೆಯ ತಟ್ಟೆ, ಕಡಿಮೆ ಕೊಬ್ಬಿನ ತಿನಿಸು ಕೊಟ್ಟು ಮನ್ನಣೆಯ ಗುರುತು ಪಡೆದವು. ಮೊದಲ ಶಾಲಾವರ್ಷ ಮುಗಿದಾಗ ಎಂಟು ವರ್ಷದ ಒಂದು ಮಗುವಿನ ಮಟ್ಟಿಗೆ ಸುಮಾರು ಅರ್ಧ ಕಿಲೋ ತೂಕದ ಏರಿಕೆ ತಪ್ಪಿತ್ತು.

ಅರ್ಧ ಕಿಲೋ ಅಂದರೆ ಅತ್ಯಲ್ಪ ಅನಿಸಬಹುದು. ಆದರೆ ಬೆಳೆಯುವ ಮಗುವಿನ ತೂಕ ಇಳಿಸುವುದು ಈ ಕಾರ್ಯಕ್ರಮಗಳ ಉದ್ದೇಶವೇ ಅಲ್ಲ. ಎತ್ತರಕ್ಕೂ ವಯಸ್ಸಿಗೂ ಮೀರಿ ತೂಕ ಓಡದಂತೆ ನೋಡಿಕೊಂಡರೆ, ಮಗು ಬೆಳೆಯುತ್ತ ತಾನೇ ಸಮಕ್ಕೆ ಬರುತ್ತದೆ. ಮಗುವಿನ ಬೊಜ್ಜನ್ನು ಒಂದೇ ಅಂಕಿಯಿಂದ ಅಳೆಯದೆ ವಯಸ್ಸು, ಲಿಂಗಕ್ಕೆ ತಕ್ಕ ಪಟ್ಟಿಯೊಡನೆ ಹೋಲಿಸುವುದೂ ಇದಕ್ಕೇ. ದಪ್ಪ ಮಕ್ಕಳನ್ನು ಬೇರೆ ಸಾಲಿನಲ್ಲಿ ನಿಲ್ಲಿಸಿ ಎಲ್ಲರ ಎದುರು ತೂಗುವ ಪದ್ಧತಿಯಂತೂ ಕೇಡನ್ನೇ ಮಾಡುತ್ತದೆ. ನಾಚಿದ ಮಗು ಆಟದ ಬಯಲಿನಿಂದ ಮೊದಲು ದೂರವಾಗುತ್ತದೆ.

ಭಾರತದಲ್ಲಿ ರಕ್ತಹೀನತೆ, ಕುಂಠಿತ ಬೆಳವಣಿಗೆ ಇರುವಾಗಲೇ ಬೊಜ್ಜೂ ಏರುತ್ತಿದೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಐದು ವರ್ಷದೊಳಗಿನ ಮಕ್ಕಳಲ್ಲಿ ಅಧಿಕ ತೂಕದವರು 2015-16ರಲ್ಲಿ ಶೇ 2.1 ಇದ್ದರು, 2019-21ರಲ್ಲಿ ಶೇ 3.4 ಆದರು. 2025ರಲ್ಲಿ ಸಿಬಿಎಸ್‌ಇ ತನ್ನ ಶಾಲೆಗಳಿಗೆ 'ಶುಗರ್ ಬೋರ್ಡ್' ಹಾಕಲು ಹೇಳಿತು. ಯಾವ ಪಾನೀಯದಲ್ಲಿ ಎಷ್ಟು ಸಕ್ಕರೆ ಎಂದು ಅದು ತೋರಿಸುತ್ತದೆ. ಇದೂ ಪಾಠವೇ. ಬೀದಿಯನ್ನು ಮುಟ್ಟುವ ನಿಯಮ 2020ರಲ್ಲಿ ಆಹಾರ ಸುರಕ್ಷತಾ ಪ್ರಾಧಿಕಾರ ಮಾಡಿದ್ದು: ಕೊಬ್ಬು, ಉಪ್ಪು, ಸಕ್ಕರೆ ಅತಿಯಾಗಿರುವ ತಿನಿಸನ್ನು ಶಾಲೆಯ ಒಳಗೂ ಗೇಟಿನಿಂದ 50 ಮೀಟರ್ ಒಳಗೂ ಶಾಲಾ ಮಕ್ಕಳಿಗೆ ಮಾರುವಂತಿಲ್ಲ. 50 ಮೀಟರ್ ದಾಟಲು ಮಗುವಿಗೆ ಒಂದು ನಿಮಿಷವೂ ಬೇಕಾಗುವುದಿಲ್ಲ.