ಛಾಯಾಗ್ರಹಣದಿಂದ ನಿರ್ದೇಶನಕ್ಕೆ: ಗೋವಿಂದ ನಿಹಲಾನಿಯವರ ಚಿತ್ರಕೃತಿಗಳು

ಚಲಚ್ಚಿತ್ರವು ಅನೇಕರ ಕೂಡುದುಡಿಮೆಯಿಂದ ಸಿದ್ಧವಾಗುವ ಕಲೆ. ಕಥೆ, ಸಂಭಾಷಣೆ, ಅಭಿನಯ, ಛಾಯಾಗ್ರಹಣ, ಸಂಕಲನ ಎಂಬ ಅಂಗಗಳೆಲ್ಲವನ್ನೂ ಒಂದು ಉದ್ದೇಶಕ್ಕೆ ಒಳಪಡಿಸುವುದು ನಿರ್ದೇಶಕನ ಹೊಣೆ. ನಮ್ಮ ದೇಶದಲ್ಲಿ ಈ ಹೊಣೆಯನ್ನು ಹೊತ್ತವರಲ್ಲಿ ಅನೇಕರು ರಂಗಭೂಮಿಯಿಂದಲೋ ಸಾಹಿತ್ಯದಿಂದಲೋ ಬಂದವರು. ಆದರೆ ಛಾಯಾಗ್ರಾಹಕರಾಗಿ ನುರಿತು ಅನಂತರ ನಿರ್ದೇಶಕರಾದವರ ಪರಂಪರೆಯೂ ಒಂದುಂಟು. ಕಲ್ಕತ್ತೆಯ ನ್ಯೂ ಥಿಯೇಟರ್ಸ್ ಸಂಸ್ಥೆಯಲ್ಲಿ ನಿತಿನ್ ಬೋಸ್ ಮತ್ತು ಬಿಮಲ್ ರಾಯ್ ಅವರು ಈ ದಾರಿಯನ್ನು ತುಳಿದರು. ಬಾಲು ಮಹೇಂದ್ರ ಅವರು ನಿರ್ದೇಶಿಸಿದ ಮೊದಲ ಚಿತ್ರವಾದ ‘ಕೋಕಿಲ’ (1977) ಕನ್ನಡದ್ದೇ ಆಗಿತ್ತು. ಮಲೆಯಾಳದಲ್ಲಿ ಷಾಜಿ ಕರುಣ್ ಅವರ ‘ಪಿರವಿ’ (1988) ಇದೇ ಸಾಲಿಗೆ ಸೇರುತ್ತದೆ.

ಈ ಬಗೆಯ ನಿರ್ದೇಶಕರ ವಿಷಯದಲ್ಲಿ ಒಂದು ಸಂದೇಹ ಸಹಜವಾಗಿ ಏಳುತ್ತದೆ: ಚಿತ್ರದ ಚೆಲುವಿಗೆ ಒಗ್ಗಿದ ಕಣ್ಣು ಕಥೆಯ ಸತ್ಯವನ್ನು ಮರೆಯುವುದಿಲ್ಲವೆ? ಈ ಪ್ರಶ್ನೆಯನ್ನು ಗೋವಿಂದ ನಿಹಲಾನಿಯವರ ಕೃತಿಗಳ ಆಧಾರದಿಂದ ವಿವೇಚಿಸುವುದು ಈ ಲೇಖನದ ಉದ್ದೇಶ.

ನಿಹಲಾನಿಯವರು 1940ರಲ್ಲಿ ಕರಾಚಿಯಲ್ಲಿ ಜನಿಸಿದರು. 1947ರ ದೇಶವಿಭಜನೆಯಲ್ಲಿ ಅವರ ಕುಟುಂಬ ನೆಲೆ ತಪ್ಪಿ ಭಾರತಕ್ಕೆ ಬಂದಿತು. ಮುಂದೆ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣವನ್ನು ಅಭ್ಯಾಸಮಾಡಿ, 1962ರಲ್ಲಿ ತೇರ್ಗಡೆಯಾಗಿ, ಮುಂಬಯಿಯಲ್ಲಿ ವಿ. ಕೆ. ಮೂರ್ತಿಯವರ ಸಹಾಯಕರಾದರು. ಮೈಸೂರಿನವರಾದ ಮೂರ್ತಿಯವರೂ ಇದೇ ಸಂಸ್ಥೆಯಲ್ಲಿ 1946ರಲ್ಲಿ ವ್ಯಾಸಂಗ ಮುಗಿಸಿದವರೆಂಬುದು ಗಮನಾರ್ಹ. ಗುರುದತ್ತರ ‘ಕಾಗಜ್ ಕೆ ಫೂಲ್’ (1959) ಚಿತ್ರದಲ್ಲಿ ಅವರು ಸ್ಟುಡಿಯೋದ ಹೊರಗಿನ ಬಿಸಿಲನ್ನು ಒಂದು ದೊಡ್ಡ ಕನ್ನಡಿಯಿಂದ ಇನ್ನೊಂದಕ್ಕೆ ಹಾಯಿಸಿ, ಕತ್ತಲೆಯ ನಡುವೆ ನೇರವಾದ ಬೆಳಕಿನ ಕೋಲೊಂದನ್ನು ಇಳಿಸಿದರು. ದೀಪಗಳ ಬೆಳಕು ಮೂಲದಿಂದ ದೂರ ಸರಿದಂತೆ ಹರಡುತ್ತದೆ. ಬಿಸಿಲಿನ ಕಿರಣಗಳಾದರೋ ಬಹುಮಟ್ಟಿಗೆ ಸಮಾಂತರವಾಗಿ ಸಾಗುತ್ತವೆ. ಭೌತಶಾಸ್ತ್ರದ ಈ ಸಾಮಾನ್ಯ ಸಂಗತಿಯನ್ನು ಭಾವದ ಸಾಧನವನ್ನಾಗಿ ಮಾಡಿದುದು ಮೂರ್ತಿಯವರ ಹೆಚ್ಚಳ.

ಛಾಯಾಗ್ರಾಹಕನ ಕೆಲಸದ ಸ್ವರೂಪವನ್ನು ಇಲ್ಲಿ ಸ್ಪಷ್ಟಪಡಿಸಿಕೊಳ್ಳಬೇಕು. ಮುಖದ ಮೇಲೆ ಪ್ರಧಾನವಾದ ಬೆಳಕು ಯಾವ ದಿಕ್ಕಿನಿಂದ ಬೀಳಬೇಕು, ಅದರಿಂದಾದ ನೆರಳನ್ನು ಮತ್ತೊಂದು ದೀಪದಿಂದ ಎಷ್ಟರಮಟ್ಟಿಗೆ ತಿಳಿಗೊಳಿಸಬೇಕು, ಯಾವ ವಸ್ತು ಸ್ಪಷ್ಟವಾಗಿ ಮೂಡಿ ಯಾವುದು ಮಸುಕಾಗಿ ಉಳಿಯಬೇಕು ಎಂಬುದನ್ನು ಅವನು ಕ್ಷಣಕ್ಷಣಕ್ಕೂ ನಿರ್ಣಯಿಸುತ್ತಾನೆ. ತೋರಿಸುವುದೆಷ್ಟು ಮುಖ್ಯವೋ ಮರೆಸುವುದೂ ಅಷ್ಟೇ ಮುಖ್ಯ. ಈ ನಿರ್ಣಯಗಳು ಮೇಲುನೋಟಕ್ಕೆ ಕೇವಲ ತಾಂತ್ರಿಕವೆಂದು ಕಂಡರೂ, ಪ್ರೇಕ್ಷಕನು ಯಾರ ಪಕ್ಕದಲ್ಲಿ ನಿಂತು ಘಟನೆಯನ್ನು ನೋಡುತ್ತಾನೆಂಬುದು ಇವುಗಳನ್ನೇ ಅವಲಂಬಿಸಿರುತ್ತದೆ.

ನಿಹಲಾನಿಯವರು ಸ್ವತಂತ್ರ ಛಾಯಾಗ್ರಾಹಕರಾದುದು ಸತ್ಯದೇವ ದುಬೆಯವರ ಮರಾಠಿ ಚಿತ್ರ ‘ಶಾಂತತಾ! ಕೋರ್ಟ್ ಚಾಲೂ ಆಹೆ’ (1971) ಮೂಲಕ. ವಿಜಯ ತೆಂಡೂಲ್ಕರರ ನಾಟಕವನ್ನು ಆಧರಿಸಿದ ಈ ಚಿತ್ರವು ಅವರಿಗೂ ಆ ನಾಟಕಕಾರರಿಗೂ ನಡುವೆ ಮುಂದೆ ಬೆಳೆದ ಸಹಯೋಗದ ಮುನ್ಸೂಚನೆಯಂತಿದೆ. ಗಿರೀಶ ಕಾರ್ನಾಡರು ಶ್ರೀಕೃಷ್ಣ ಆಲನಹಳ್ಳಿಯವರ ಕಾದಂಬರಿಯಿಂದ ನಿರ್ಮಿಸಿದ ‘ಕಾಡು’ (1973) ಚಿತ್ರದ ಛಾಯಾಗ್ರಹಣವೂ ಇವರದೇ. ಅನಂತರ ಶ್ಯಾಮ ಬೆನೆಗಲ್ ಅವರೊಡನೆ ‘ಅಂಕುರ್’ (1974), ‘ನಿಶಾಂತ್’ (1975), ‘ಮಂಥನ್’ (1976), ‘ಭೂಮಿಕಾ’ (1977), ‘ಜುನೂನ್’ (1978) ಮೊದಲಾದ ಚಿತ್ರಗಳಲ್ಲಿ ದುಡಿದರು. ‘ಜುನೂನ್’ ಅವರಿಗೆ ರಾಷ್ಟ್ರಪ್ರಶಸ್ತಿಯನ್ನು ತಂದಿತು.

ಈ ದಶಕದ ಅನುಭವವು ಅವರ ನಿರ್ದೇಶನಕ್ಕೆ ತಳಹದಿಯಾಯಿತು. ಸ್ಟುಡಿಯೋದಲ್ಲಿ ಬೆಳಕು ಬೇಕೆಂದಲ್ಲಿಂದ ಬರುತ್ತದೆ. ಹಳ್ಳಿಯ ನಿಜವಾದ ಮನೆಯಲ್ಲಿ ಅದು ಬಾಗಿಲು, ಕಿಟಕಿ, ಅಂಗಳಗಳ ಮೂಲಕವೇ ಬರಬೇಕು. ಗುಜರಾತಿನ ಹಾಲು ಉತ್ಪಾದಕರು ಐದು ಲಕ್ಷ ಮಂದಿ ತಲಾ ಎರಡು ರೂಪಾಯಿ ಕೂಡಿಸಿ ನಿರ್ಮಿಸಿದ ‘ಮಂಥನ್’ ಚಿತ್ರದಂಥ ಕೃತಿಯಲ್ಲಿ ಅಲಂಕಾರದ ಬೆಳಕು ಸುಳ್ಳಾಗಿ ಕಾಣುತ್ತಿತ್ತು. ‘ಭೂಮಿಕಾ’ ಚಿತ್ರದಲ್ಲಿ ನಾಯಿಕೆಯ ಬಾಲ್ಯದ ನೆನಪುಗಳು ಕಪ್ಪುಬಿಳುಪಿನಲ್ಲಿಯೂ ವರ್ತಮಾನವು ಬಣ್ಣದಲ್ಲಿಯೂ ಮೂಡಿರುವುದನ್ನು ಗಮನಿಸಿದರೆ, ಛಾಯಾಗ್ರಹಣವು ಕಥೆಯ ವ್ಯಾಕರಣವೂ ಆಗಬಲ್ಲದೆಂಬುದು ಮನವರಿಕೆಯಾಗುತ್ತದೆ.

ನಿಹಲಾನಿಯವರ ಮೊದಲ ನಿರ್ದೇಶನ ‘ಆಕ್ರೋಶ್’ (1980). ಚಿತ್ರಕಥೆ ತೆಂಡೂಲ್ಕರರದು, ಕ್ಯಾಮೆರಾವನ್ನು ನಿಹಲಾನಿಯವರು ತಮ್ಮ ಕೈಯಲ್ಲಿಯೇ ಉಳಿಸಿಕೊಂಡರು. ಹೆಂಡತಿಯನ್ನು ಕೊಂದ ಆರೋಪಕ್ಕೆ ಗುರಿಯಾದ ಆದಿವಾಸಿ ಲಹಾನ್ಯಾ ಭೀಕು ನ್ಯಾಯಾಲಯದಲ್ಲಿಯಾಗಲಿ ತನ್ನ ವಕೀಲನೆದುರಿಗಾಗಲಿ ಬಾಯಿ ತೆರೆಯುವುದಿಲ್ಲ. ಅವಳನ್ನು ಕೆಡಿಸಿದವರು ಊರಿನ ಬಲಶಾಲಿಗಳೇ. ಮಾತಿನಿಂದ ಪ್ರಯೋಜನವಿಲ್ಲವೆಂದು ಅರಿತವನ ಮೌನ ಅದು. ಕಥಾನಾಯಕನಿಗೆ ಮಾತೇ ಇಲ್ಲದ ಚಿತ್ರವನ್ನು ಮೊದಲ ಯತ್ನದಲ್ಲಿಯೇ ಕೈಗೊಳ್ಳುವ ಧೈರ್ಯ, ಮುಖವೇ ಸಾಕ್ಷ್ಯ ನುಡಿಯಬಲ್ಲದೆಂದು ಬಲ್ಲ ಛಾಯಾಗ್ರಾಹಕನಿಗೆ ಸಹಜವಾದುದು. ಓಂ ಪುರಿಯವರ ಕಣ್ಣುಗಳ ಮೇಲೆ ನಿಲ್ಲುವ ಕ್ಯಾಮೆರಾ ವಿವರಣೆ ಕೊಡುವುದಿಲ್ಲ. ನಮ್ಮಿಂದ ಉತ್ತರವನ್ನು ಕೇಳುತ್ತದೆ. ತಂದೆಯ ಶವಸಂಸ್ಕಾರದ ವೇಳೆಯಲ್ಲಿ ಭೀಕು ತನ್ನ ತಂಗಿಯನ್ನು ಕೊಡಲಿಯಿಂದ ಕೊಂದು ಚೀರಿದಾಗ, ಆ ಚೀರಾಟವೇ ಚಿತ್ರದ ತೀರ್ಪಾಗುತ್ತದೆ. 1981ರ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಇದಕ್ಕೆ ಸುವರ್ಣ ಮಯೂರ ದೊರೆಯಿತು.

‘ಅರ್ಧ್ ಸತ್ಯ’ (1983) ಇದಕ್ಕೆ ಪ್ರತಿಯಾದ ರೀತಿಯದು. ಎಸ್. ಡಿ. ಪನ್ವಲ್ಕರರ ಕಥೆಯನ್ನು ಆಧರಿಸಿದ ಈ ಚಿತ್ರದ ಪೊಲೀಸ್ ಅಧಿಕಾರಿ ಅನಂತ ವೇಲಣಕರನಿಗೆ ಮಾತಿನ ಕೊರತೆಯಿಲ್ಲ. ಕೊರತೆಯಿರುವುದು ತನ್ನ ಮಾತಿಗೆ ತಕ್ಕಂತೆ ನಡೆಯುವ ಸ್ವಾತಂತ್ರ್ಯಕ್ಕೆ. ‘ಪಾರ್ಟಿ’ (1984) ಮಹೇಶ ಎಲಕುಂಚವಾರರ ನಾಟಕದಿಂದ ಬಂದುದು. ಒಂದು ಮನೆಯ ಒಂದು ರಾತ್ರಿಯ ಔತಣಕ್ಕೆ ಸೀಮಿತವಾದ ಈ ವಸ್ತುವಿನಲ್ಲಿ ಗುಂಪಿನ ನಡುವೆ ಯಾರನ್ನು, ಎಷ್ಟು ಹೊತ್ತು ನೋಡಬೇಕೆಂಬ ಆಯ್ಕೆಯೇ ವಿಮರ್ಶೆಯಾಗುತ್ತದೆ. ಎಲ್ಲರೂ ಮಾತನಾಡುವುದು ಅಲ್ಲಿಗೆ ಬಾರದ ಕವಿಯೊಬ್ಬನನ್ನು ಕುರಿತು. ಕಾಣದವನೇ ಕಾಣುವವರನ್ನೆಲ್ಲ ಅಳೆಯುತ್ತಾನೆ.

ಭೀಷ್ಮ ಸಾಹನಿಯವರ ಕಾದಂಬರಿಯಿಂದ ದೂರದರ್ಶನಕ್ಕಾಗಿ ರಚಿಸಿದ ‘ತಮಸ್’ ನಿಹಲಾನಿಯವರ ಕೃತಿಗಳಲ್ಲಿ ಅತ್ಯಂತ ವಿಸ್ತಾರವಾದುದು. ಇದರ ಛಾಯಾಗ್ರಹಣದಲ್ಲಿ ಅವರೊಡನೆ ಕೈಜೋಡಿಸಿದವರು ಗುರುಗಳಾದ ವಿ. ಕೆ. ಮೂರ್ತಿಯವರೇ. ಬಾಲ್ಯದಲ್ಲಿ ವಿಭಜನೆಯನ್ನು ಕಂಡವರು ವಿಭಜನೆಯ ಕಥೆಯನ್ನು ಹೇಳುವಾಗ ಆಕ್ರಂದನಕ್ಕೆ ಎಡೆಗೊಡಲಿಲ್ಲ. ಮುಚ್ಚಿದ ಕೋಣೆಯೊಂದರಲ್ಲಿ ಹಂದಿಯನ್ನು ಕೊಲ್ಲಲು ಹೆಣಗುವ ನತ್ಥೂವಿನ ದೃಶ್ಯದಿಂದ ಕಥೆ ಮೊದಲಾಗುತ್ತದೆ. ತನ್ನ ಕೈಯಿಂದ ಮಾಡಿಸಲಾದ ಕೆಲಸವು ಊರನ್ನೇ ಸುಡಲಿದೆಯೆಂಬುದು ಅವನಿಗೆ ತಿಳಿಯದು. ‘ತಮಸ್’ ಎಂಬ ಹೆಸರಿನ ಕತ್ತಲೆ ಇಲ್ಲಿ ಅಜ್ಞಾನದ್ದೂ ಹೌದು, ಒಳಸಂಚಿನದೂ ಹೌದು. 1988ರಲ್ಲಿ ಇದರ ಪ್ರಸಾರವನ್ನು ತಡೆಯಬೇಕೆಂದು ಸಲ್ಲಿಸಿದ ಅರ್ಜಿಯನ್ನು ಸರ್ವೋಚ್ಚ ನ್ಯಾಯಾಲಯ ತಳ್ಳಿಹಾಕಿತು. ಹಿಂಸೆಯನ್ನು ತೋರಿಸುವುದು ಹಿಂಸೆಯನ್ನು ಪ್ರಚೋದಿಸುವುದಕ್ಕಿಂತ ಬೇರೆಯೆಂಬ ವಿವೇಕವು ಈ ಕೃತಿಯ ರಚನೆಯಲ್ಲಿಯೇ ಅಡಕವಾಗಿದೆ.

ನಿಹಲಾನಿಯವರ ಎಲ್ಲ ಚಿತ್ರಗಳೂ ಒಂದೇ ಮಟ್ಟದವಲ್ಲ. ‘ತಕ್ಷಕ್’ (1999) ಮುಂತಾದ ಚಿತ್ರಗಳಲ್ಲಿ ಜನಪ್ರಿಯ ಮಾದರಿಗೂ ಅವರ ಸ್ವಭಾವಕ್ಕೂ ಹೊಂದಿಕೆ ಕಡಮೆ. ಮತ್ತೆ ಕೆಲವೆಡೆ ವಾದವು ಪಾತ್ರಗಳನ್ನು ಮೀರಿ ಮುಂದಾಗುತ್ತದೆ. ಆದರೂ ‘ದ್ರೋಹಕಾಲ್’ (1994) ಚಿತ್ರವನ್ನು ಮರುವರ್ಷವೇ ತಮಿಳಿಗೆ ‘ಕುರುದಿಪ್ಪುನಲ್’ ಎಂದು ತಂದ ಪಿ. ಸಿ. ಶ್ರೀರಾಮ್ ಅವರೂ ಛಾಯಾಗ್ರಾಹಕರೇ ಆಗಿದ್ದುದು, ಈ ಪರಂಪರೆ ಒಬ್ಬರಲ್ಲಿಯೇ ನಿಂತುಹೋಗಲಿಲ್ಲವೆಂಬುದಕ್ಕೆ ನಿದರ್ಶನ.

ಆರಂಭದಲ್ಲಿ ಎತ್ತಿದ ಸಂದೇಹಕ್ಕೆ ಈಗ ಉತ್ತರ ಹೇಳಬಹುದು. ಚೆಲುವಿನ ಮೋಹಕ್ಕೆ ಸಿಲುಕಬಹುದಾದ ಕಣ್ಣನ್ನು ನಿಹಲಾನಿಯವರು ಸಮರ್ಥ ಲೇಖಕರ ಒಡನಾಟದಿಂದ ಹದಗೊಳಿಸಿದರು. ತೆಂಡೂಲ್ಕರ್, ಎಲಕುಂಚವಾರ್, ಸಾಹನಿ ಅವರಲ್ಲದೆ ಮಹಾಶ್ವೇತಾ ದೇವಿಯವರ ಕಾದಂಬರಿಯೂ, ಇಬ್ಸೆನ್, ಸ್ಟ್ರಿಂಡ್‌ಬರ್ಗ್, ಲೋರ್ಕಾ ಇವರ ನಾಟಕಗಳೂ ಅವರಿಗೆ ವಸ್ತುವನ್ನೊದಗಿಸಿದವು. ತಾಂತ್ರಿಕ ವಿದ್ಯೆ ಅವರಿಗೆ ನೋಡುವುದನ್ನು ಕಲಿಸಿತು. ಸಾಹಿತ್ಯವು ನೋಡತಕ್ಕದ್ದು ಯಾವುದೆಂಬುದನ್ನು ತಿಳಿಸಿತು. ನಮ್ಮ ಕಾಲೇಜುಗಳಲ್ಲಿ ವಿಜ್ಞಾನ ಮತ್ತು ಕಲೆಗಳ ವಿದ್ಯಾರ್ಥಿಗಳು ಪರಸ್ಪರ ಅಪರಿಚಿತರಾಗಿಯೇ ಓದು ಮುಗಿಸುವುದು ವಾಡಿಕೆಯಾಗಿರುವಾಗ, ಬೆಂಗಳೂರಿನ ಒಂದು ತಾಂತ್ರಿಕ ಶಾಲೆಯಿಂದ ಹೊರಟ ಈ ಮಾರ್ಗವು ಚಲಚ್ಚಿತ್ರದ ಅಭ್ಯಾಸಿಗಳಿಗೆ ಮಾತ್ರವಲ್ಲದೆ ಎರಡೂ ವಿಭಾಗಗಳ ಅಧ್ಯಾಪಕರಿಗೂ ವಿಚಾರಾರ್ಹವಾಗಿದೆ.