ಸೀಟಿನ ಒಳಗೆ ಏನಿದೆ, ಗೊತ್ತಾ?

ಸವಳಂಗದ ಏಪ್ರಿಲ್ ಬಿಸಿಲಿಗೆ ಸೀಟು ತಾನಾಗೇ ಕಾಯುತ್ತೆ, ಅದಕ್ಕೆ ಹೀಟರ್ ಬೇರೆ ಯಾಕ್ರೀ ಅಂತೀರಾ? ಆದರೂ ದುಬಾರಿ ಕಾರುಗಳ ಜೊತೆ ಅದು ಇಲ್ಲಿಗೂ ಬಂದಿದೆ.

ನಾನು ಓದಿದ್ದು ಇಂಜಿನಿಯರಿಂಗ್, ಹಾಗಾಗಿ ಒಳಗಿನ ಸಂಗತಿ ಹೇಳಿಬಿಡ್ತೀನಿ. ಸೀಟಿನ ಹೊದಿಕೆಯ ಕೆಳಗೆ ಕರೆಂಟ್ ಹರಿದು ಕಾಯುವ ತೆಳು ತಂತಿ ಇರುತ್ತೆ. ಮೇಲೆ ದಪ್ಪ ರೆಕ್ಸಿನ್ ಕವರ್ ಹಾಕಿದರೆ ಬಿಸಿ ಮೈಗೆ ತಲುಪೋದು ತಡ. ಇನ್ನೂ ಬಿಸಿಯಾಗಿಲ್ಲ ಅಂತ ನಾವು ಬಟನ್ ಒತ್ತಿ ಹೆಚ್ಚಿಸ್ತೀವಿ, ಶಾಖ ಒಳಗೇ ಸಿಕ್ಕಿಕೊಳ್ಳುತ್ತೆ. ಕವರ್ ಬಿಗಿಯಲು ಚುಚ್ಚಿದ ಪಿನ್ ತಂತಿಗೆ ತಾಗಿದರಂತೂ ಆ ಜಾಗವೇ ಸುಡಬಹುದು. ಸಕ್ಕರೆ ಕಾಯಿಲೆಯಿಂದ ಸ್ಪರ್ಶ ಕುಂದಿದವರಿಗೆ ಚರ್ಮ ಸುಟ್ಟರೂ ಗೊತ್ತಾಗದು. ಹೀಟರ್ ಬಳಸುವವರು ಕವರನ್ನೇ ಬಿಟ್ಟುಬಿಡೋದು ಒಳ್ಳೇದು. ಬೇಕೇ ಬೇಕೆಂದರೆ, ಕಾರಿನ ಕಂಪನಿ ಒಪ್ಪಿದ ತೆಳು ಕವರ್ ಮಾತ್ರ.

ನನಗೆ ಇದಕ್ಕಿಂತ ದೊಡ್ಡ ಚಿಂತೆ ಏರ್‌ಬ್ಯಾಗಿನದು. ಹೀಟರ್ ಇಲ್ಲದ ಎಷ್ಟೋ ಕಾರುಗಳಲ್ಲೂ ಪಕ್ಕದ ಏರ್‌ಬ್ಯಾಗ್ ಇರೋದು ಮುಂದಿನ ಸೀಟಿನ ಬೆನ್ನಿನಲ್ಲೇ, ಬಾಗಿಲ ಕಡೆ. 'ಏರ್‌ಬ್ಯಾಗ್' ಎಂದು ಬರೆದ ಸಣ್ಣ ಪಟ್ಟಿ ಅಲ್ಲಿರುತ್ತೆ. ಡಿಕ್ಕಿಯಾದರೆ ನೀವು ಕಣ್ಣು ಮಿಟುಕಿಸೋದರೊಳಗೆ ಅದು ಸೀಟು ಸೀಳಿ ಉಬ್ಬಬೇಕು. ಅದರ ಮೇಲೇ ಗಟ್ಟಿ ಹೊಲಿಗೆಯ ಕವರ್ ಕೂತಿದ್ದರೆ?

ಶಿವಮೊಗ್ಗಕ್ಕೋ ದಾವಣಗೆರೆಗೋ ಹೋಗಿ ಕವರ್ ಹಾಕಿಸುವಾಗ, ಬಣ್ಣ ಆರಿಸೋ ಮುಂಚೆ ಆ ಪಟ್ಟಿ ತೋರಿಸಿ. ಆ ಜಾಗ ತೆರೆದಿರುವ ಕವರನ್ನೇ ಕೇಳಿ.